ರಾತ್ರಿನೇ ಜೋಡಿಸಿಟ್ಟರೆ ಬೆಳಿಗ್ಗೆ ಮುದ್ದೆಯಾಗಲ್ವಾ?

ಡಿಸೆಂಬರ್ ಬಂತೆಂದರೆ ಈ ಪ್ರಶ್ನೆಯೂ ಬರುತ್ತದೆ. ವಾಟ್ಸಾಪ್‌ನಲ್ಲಿ ಕೇಳುತ್ತಾರೆ. ಕನ್ನಡ ಸಂಘದಲ್ಲಿ ಎಲ್ಲರೂ ಒಂದೊಂದು ಅಡುಗೆ ತರುವ ಪಾಟ್‌ಲಕ್ ಊಟದಲ್ಲಿ ತಟ್ಟೆ ಹಿಡಿದುಕೊಂಡೇ ಕೇಳುತ್ತಾರೆ. "ಕ್ರಿಸ್‌ಮಸ್ ದಿನ ಮಾಡ್ತೀರಲ್ಲ, ಆ ಬ್ರೆಡ್-ಮೊಟ್ಟೆ ಕ್ಯಾಸರೋಲ್, ಅದನ್ನ ಹಿಂದಿನ ರಾತ್ರಿನೇ ಜೋಡಿಸಿಡ್ತೀರಂತೆ. ಬೆಳಿಗ್ಗೆ ಹೊತ್ತಿಗೆ ನೆನೆದು ಮುದ್ದೆಯಾಗಲ್ವಾ?"

ಆಗಲ್ಲ. ರಾತ್ರಿಯಿಡೀ ನೆನೆದರೇ ಅದು ಚೆನ್ನಾಗಿ ಬರುವುದು. ಆದರೆ ನೆನೆಸುವುದಕ್ಕೆ ಮೊದಲು ಮಾಡಬೇಕಾದ ಕೆಲಸ ಒಂದಿಷ್ಟಿದೆ. ಪ್ರತಿ ಸಲ ಅರ್ಧಂಬರ್ಧ ಹೇಳುವುದಕ್ಕಿಂತ ಒಮ್ಮೆ ಪೂರ್ತಿ ಬರೆದುಬಿಡುತ್ತೇನೆ.

ಇದನ್ನು ನೋಡಿಲ್ಲದವರಿಗೆ ಎರಡು ಮಾತು. ಒಂದು ದೊಡ್ಡ ಟ್ರೇನಲ್ಲಿ ಬ್ರೆಡ್ ತುಂಡು, ಬಾಡಿಸಿದ ತರಕಾರಿ, ತುರಿದ ಚೀಸ್ ಹರಡುವುದು. ಮೇಲೆ ಹಾಲು ಬೆರೆಸಿ ಕದಡಿದ ಮೊಟ್ಟೆ ಹೊಯ್ಯುವುದು. ಬೆಳಿಗ್ಗೆ ಓವನ್‌ನಲ್ಲಿ ಬೇಯಿಸುವುದು. ಇಷ್ಟೇ. ಅಮೆರಿಕದ ಮನೆಗಳಲ್ಲಿ ಕ್ರಿಸ್‌ಮಸ್, ಈಸ್ಟರ್ ಬೆಳಿಗ್ಗೆ ಇದು ಬಹಳ ಸಾಮಾನ್ಯ. ಅವರು ಸಾಸೇಜ್ ಹಾಕುವುದು ಜಾಸ್ತಿ. ಸ್ಟ್ರಾಟಾ ಎಂದೂ ಕರೆಯುತ್ತಾರೆ. ಕ್ರಿಸ್‌ಮಸ್ ದಿನ ಮಕ್ಕಳು ಎದ್ದ ಕೂಡಲೇ ಮರದ ಕೆಳಗೆ ಕೂತು ಉಡುಗೊರೆ ಬಿಚ್ಚುತ್ತಾರೆ. ಆ ಹೊತ್ತಿಗೆ ಅಮ್ಮ ಒಲೆ ಮುಂದೆ ನಿಂತಿದ್ದರೆ ಚೆನ್ನಾಗಿರಲ್ಲ, ಅಲ್ವಾ? ಅದಕ್ಕೇ ಎಷ್ಟೋ ಮನೆಗಳಲ್ಲಿ ಆ ದಿನಕ್ಕೆ ಇದೇ ತಿಂಡಿ.

ನ್ಯೂಜೆರ್ಸಿಯ ನಮ್ಮ ಮನೆಗೆ ಇದು ಬಂದ ಕಾರಣವೂ ಹೆಚ್ಚುಕಡಿಮೆ ಅದೇ. ಡಿಸೆಂಬರ್ ಕೊನೆಗೆ ಮಕ್ಕಳಿಗೆ ರಜೆ. ವರ್ಜೀನಿಯಾದಿಂದ ಮೈದುನನ ಸಂಸಾರ ಬರುತ್ತದೆ, ಬಾಸ್ಟನ್ನಿನಿಂದ ಚಿಕ್ಕಪ್ಪನ ಮಕ್ಕಳು ಬರುತ್ತಾರೆ. ಹಾಲ್ ತುಂಬ ಹಾಸಿಗೆ. ಬೆಳಿಗ್ಗೆ ದೋಸೆ ಆಗಲಿ ಎನ್ನುತ್ತಾರೆ. ದೋಸೆ ನನಗೂ ಇಷ್ಟ. ಆದರೆ ಒಂದು ಕಾವಲಿ, ಒಂದೊಂದೇ ದೋಸೆ, ತಿನ್ನುವವರು ಹನ್ನೆರಡು ಜನ. ಎಲ್ಲರೂ ತಿಂದು, ಕಾಫಿ ಕುಡಿದು ಎದ್ದ ಮೇಲೆ ಹೊಯ್ದವಳು ಒಬ್ಬಳೇ ಕೂತು ತಿನ್ನುತ್ತಾಳೆ. ನಮ್ಮಮ್ಮ, ದೊಡ್ಡಮ್ಮ, ಅತ್ತೆಯರು ಎಲ್ಲ ಹಬ್ಬದಲ್ಲೂ ಹಾಗೇ ತಿಂದರು. ಚಿಕ್ಕಂದಿನಿಂದಲೂ ಅದು ನನಗೆ ಸಂಕಟದ ವಿಷಯ. ನನ್ನ ಮನೆಯಲ್ಲಿ ರಜೆಯ ದಿನವಾದರೂ ಅಡುಗೆ ಮಾಡಿದವರೂ ಎಲ್ಲರ ಜೊತೆ ಬಿಸಿಬಿಸಿ ತಿನ್ನಬೇಕು. ಈ ಒಂದು ಆಸೆಗಾಗಿ ನಾನು ಇದನ್ನು ಮನಸ್ಸಿಟ್ಟು ಕಲಿತೆ.

ಸರಿ, ಮುದ್ದೆಯಾಗುವ ವಿಷಯಕ್ಕೆ ಬರೋಣ. ಮೊದಲ ತಪ್ಪಿತಸ್ಥ ಬ್ರೆಡ್. ಸ್ಯಾಂಡ್‌ವಿಚ್‌ಗೆ ತರುವ ಮೆತ್ತಗಿನ ಹೋಳು ಬ್ರೆಡ್ ಬೇಡವೇ ಬೇಡ. ಅದು ಹಾಲು ತಾಗಿದರೆ ಕರಗಿಹೋಗುತ್ತದೆ. ಫ್ರೆಂಚ್ ಬ್ರೆಡ್, ಸಾರ್‌ಡೋ, ಇಲ್ಲದಿದ್ದರೆ ಶುಕ್ರವಾರ ಯಹೂದಿ ಮನೆಗಳಿಗೆಂದು ಅಂಗಡಿಗೆ ಬರುವ ಹಾಲಾ ಬ್ರೆಡ್ ತನ್ನಿ. 450 ಗ್ರಾಂ ಸಾಕು. ಒಂದಂಗುಲದ ತುಂಡು ಮಾಡಿ, 300 ಡಿಗ್ರಿ ಫ್ಯಾರನ್‌ಹೀಟ್ ಓವನ್‌ನಲ್ಲಿ 15ರಿಂದ 20 ನಿಮಿಷ ಒಣಗಿಸಿ. ಕೆಂಪಗಾಗಬೇಕಿಲ್ಲ, ಒಣಗಿದರೆ ಸಾಕು.

"ಎರಡು ದಿನದ ಹಳೇ ಬ್ರೆಡ್ ಇದ್ದರೆ ಒಣಗಿಸಬೇಕಾ?" ಎಂದು ಕೇಳುತ್ತಾರೆ. ಒಣಗಿಸಿದರೇ ಒಳ್ಳೆಯದು. ಹಳೆಯ ಬ್ರೆಡ್ ಗಟ್ಟಿಯಾಗುವುದು ನೀರು ಆರಿದ್ದರಿಂದ ಮಾತ್ರ ಅಲ್ಲ. ಅದರೊಳಗಿನ ಪಿಷ್ಟ ಮತ್ತೆ ಬಿಗಿದುಕೊಳ್ಳುತ್ತದೆ, ಹಾಗಾಗಿ ಗಟ್ಟಿ ಅನಿಸುತ್ತದೆ. ಚೀಲದಲ್ಲೇ ಇಟ್ಟಿದ್ದರೆ ನೀರಿನ ಅಂಶ ಇನ್ನೂ ಒಳಗೇ ಇರುತ್ತದೆ. ಓವನ್‌ನಲ್ಲಿ ಒಣಗಿಸಿದಾಗ ಆ ನೀರು ಹೋಗುತ್ತದೆ. ಖಾಲಿಯಾದ ಜಾಗಕ್ಕೆ ಮೊಟ್ಟೆ-ಹಾಲು ಸೇರುತ್ತದೆ. ಬೆಂದಾಗ ಅದು ಅಲ್ಲೇ ಗಟ್ಟಿಯಾಗಿ ತುಂಡಿನ ಆಕಾರ ಹಿಡಿದಿಡುತ್ತದೆ.

ಒಂದು ರಾತ್ರಿ ಯಾಕೆ ಬೇಕು ಅನ್ನುವುದಕ್ಕೂ ಉತ್ತರ ಇಲ್ಲೇ ಇದೆ. ಒಣಗಿದ ತುಂಡಿನ ನಡುವಿನವರೆಗೆ ಹಾಲು ಇಳಿಯಲು ಹೊತ್ತು ಬೇಕು. ಬೆಳಿಗ್ಗೆ ಹೊಯ್ದು ತಕ್ಷಣ ಓವನ್‌ಗೆ ಇಟ್ಟರೆ ಅರ್ಧ ಹಾಲು ತಳದಲ್ಲೇ ನಿಲ್ಲುತ್ತದೆ. ಕೆಳಗೆ ಆಮ್ಲೆಟ್ ಪದರ, ಮೇಲೆ ಒಣ ರಸ್ಕು. ಎಲ್ಲರೂ ಹೆದರುವ ಹಸಿಹಸಿ ತಳ ಬರುವುದು ಹೆಚ್ಚಾಗಿ ಹೀಗೆ ಅವಸರ ಮಾಡಿದಾಗ. ಬೇರೆ ದಾರಿಯೇ ಇಲ್ಲ ಅಂದರೆ ಒಂದು ಗಂಟೆಯಾದರೂ ನೆನೆಯಲು ಬಿಡಿ.

ಎರಡನೆಯದು ತರಕಾರಿ. ಅಣಬೆ, ಪಾಲಕ್, ಟೊಮೆಟೊ, ಜುಕಿನಿ ಎಲ್ಲದರ ಒಳಗೂ ನೀರೇ. ಹಸಿಯಾಗಿ ಹಾಕಿದರೆ ಬೇಯುವಾಗ ಆ ನೀರೆಲ್ಲ ಟ್ರೇಗೆ ಇಳಿಯುತ್ತದೆ. ಅಣಬೆಯನ್ನು ಬಾಣಲೆಗೆ ಹಾಕಿ, ಅದು ಬಿಡುವ ನೀರೆಲ್ಲ ಆರಿ, ಅಂಚು ಕೆಂಪಗಾಗುವ ತನಕ ಹುರಿಯಿರಿ. ಪಾಲಕ್ಕನ್ನು ಬಾಡಿಸಿ, ಆರಿದ ಮೇಲೆ ಕೈಯಲ್ಲಿ ಗಟ್ಟಿಯಾಗಿ ಹಿಂಡಿ. ಹಸಿ ಆಲೂಗಡ್ಡೆಯಂತೂ ಬೇಡ, ರಾತ್ರಿ ಕಳೆಯುವಷ್ಟರಲ್ಲಿ ಕಪ್ಪಾಗುತ್ತದೆ. ನಾನು ಎಣ್ಣೆಗೆ ಸ್ವಲ್ಪ ಜೀರಿಗೆ, ಹಸಿಮೆಣಸಿನಕಾಯಿ, ಶುಂಠಿ, ದೊಡ್ಡದೊಂದು ಈರುಳ್ಳಿ, ದಪ್ಪಮೆಣಸಿನಕಾಯಿ ಹಾಕಿ ಬಾಡಿಸುತ್ತೇನೆ. ಕೊನೆಗೆ ಒಂದು ಹಿಡಿ ಕೊತ್ತಂಬರಿ ಸೊಪ್ಪು. ಯಾವುದೇ ಆದರೂ ಪೂರ್ತಿ ಆರಿದ ಮೇಲೆಯೇ ಟ್ರೇಗೆ ಹಾಕಿ.

ಅಳತೆ ಹೇಳಿಬಿಡುತ್ತೇನೆ. 9×13 ಅಂಗುಲದ ಟ್ರೇಗೆ 10 ಮೊಟ್ಟೆ, 3 ಕಪ್ ಹಾಲು, ಅಂದರೆ ಸುಮಾರು 720 ಮಿಲಿಲೀಟರ್. 2 ಕಪ್ ತುರಿದ ಚೀಸ್. ಒಂದೂವರೆ ಟೀ ಚಮಚ ಉಪ್ಪು, ಆದರೆ ಚೀಸಿನಲ್ಲಿ ಉಪ್ಪು ಜಾಸ್ತಿ ಇದ್ದರೆ ಕಡಿಮೆ ಮಾಡಿ. ಕಾಳುಮೆಣಸಿನ ಪುಡಿ ಧಾರಾಳವಾಗಿ. ಕೆನೆ ಇರುವ ಹಾಲೇ ಬೇಕು, ನೀರಾದ ಹಾಲಿನಲ್ಲಿ ರುಚಿ ಬರಲ್ಲ. ಹೊಯ್ದ ಮೇಲೆ ಅಂಗೈಯಿಂದ ಬ್ರೆಡ್ ತುಂಡುಗಳನ್ನು ಮೆಲ್ಲಗೆ ಒತ್ತಿ. ಹತ್ತು ನಿಮಿಷ ಬಿಟ್ಟು ಇನ್ನೊಮ್ಮೆ ಒತ್ತಿ.

ಚೀಸ್ ಬಗ್ಗೆ ನಮ್ಮವರು ಕೇಳುವ ಇನ್ನೊಂದು ಪ್ರಶ್ನೆ ಇದೆ. ಮೊಟ್ಟೆ ತಿನ್ನುತ್ತೇವೆ, ಮಾಂಸ ತಿನ್ನಲ್ಲ, ಚೀಸ್ ನಡೆಯುತ್ತದಾ ಎಂದು. ಚೀಸ್ ಮಾಡುವಾಗ ಹಾಲು ಒಡೆಯಲು ಬಳಸುವ ರೆನೆಟ್ ಹಿಂದೆ ಹೆಚ್ಚಾಗಿ ಕರುವಿನ ಹೊಟ್ಟೆಯಿಂದ ಬರುತ್ತಿತ್ತು. ಅದರಲ್ಲಿ ಹಾಲು ಒಡೆಯುವ ಕಿಣ್ವದ ಹೆಸರು ಕೈಮೋಸಿನ್. ಸೂಕ್ಷ್ಮಜೀವಿಗಳಿಂದ ತಯಾರಿಸಿದ ಕೈಮೋಸಿನ್‌ಗೆ ಅಮೆರಿಕದ ಆಹಾರ-ಔಷಧ ನಿಯಂತ್ರಣ ಸಂಸ್ಥೆ ಎಫ್‌ಡಿಎ 1990ರಲ್ಲಿ ಒಪ್ಪಿಗೆ ಕೊಟ್ಟಿತು. ಇಲ್ಲಿನ ಹೆಚ್ಚಿನ ಚೆಡ್ಡರ್ ಈಗ ಅದರಿಂದಲೇ ಆಗುವುದು. ಆದರೂ ಪೊಟ್ಟಣದ ಮೇಲೆ ವೆಜಿಟೇರಿಯನ್ ಅಥವಾ ಮೈಕ್ರೋಬಿಯಲ್ ರೆನೆಟ್ ಎಂದು ಬರೆದಿದೆಯೇ ನೋಡಿಕೊಳ್ಳಿ. ಇಟಲಿಯ ಪಾರ್ಮಿಜಾನೊ ರೆಜಾನೊಗೆ ಮಾತ್ರ ನಿಯಮದ ಪ್ರಕಾರವೇ ಕರುವಿನ ರೆನೆಟ್ ಬಳಸಬೇಕು. ಬೇಡ ಎನ್ನುವವರು ಅದನ್ನು ಬಿಡಿ.

ಇನ್ನು ರಾತ್ರಿ ಎಲ್ಲಿಡುವುದು? ಇದನ್ನು ಒತ್ತಿ ಹೇಳಬೇಕು. ಚಳಿಗಾಲದಲ್ಲಿ ಇಡ್ಲಿ ಹಿಟ್ಟು ಉಬ್ಬಲಿ ಎಂದು ನಾವೆಲ್ಲ ಓವನ್ ಒಳಗೆ ದೀಪ ಹಾಕಿ ಇಡುತ್ತೇವೆ. ಹಿಟ್ಟು ಹುದುಗಬೇಕು, ಅದಕ್ಕೆ ಬೆಚ್ಚಗಿನ ಜಾಗ ಬೇಕು. ಇದು ಹಸಿ ಮೊಟ್ಟೆ ಮತ್ತು ಹಾಲು. ಇದಕ್ಕೆ ಫ್ರಿಜ್ಜೇ ಗತಿ. ಮುಚ್ಚಳ ಹಾಕಿಡಿ, ಫ್ರಿಜ್ಜಿನ ಉಷ್ಣತೆ 40 ಡಿಗ್ರಿ ಫ್ಯಾರನ್‌ಹೀಟ್‌ಗಿಂತ, ಅಂದರೆ 4 ಡಿಗ್ರಿ ಸೆಲ್ಸಿಯಸ್‌ಗಿಂತ ಕೆಳಗೆ ಇರಬೇಕು. ರಾತ್ರಿ 9ಕ್ಕೆ ಇಟ್ಟು ಬೆಳಿಗ್ಗೆ 7ಕ್ಕೆ ತೆಗೆದರೆ ಸರಿಯಾಗುತ್ತದೆ. 24 ಗಂಟೆ ದಾಟಿಸಬೇಡಿ. ಅಂದ ಹಾಗೆ, ಮರುದಿನಕ್ಕೆಂದು ಇಡ್ಲಿ ಹಿಟ್ಟನ್ನೂ ಓವನ್‌ನಲ್ಲಿ ಇಟ್ಟಿದ್ದರೆ, ಬೆಳಿಗ್ಗೆ ಓವನ್ ಹಚ್ಚುವ ಮುಂಚೆ ಬಾಗಿಲು ತೆರೆದು ನೋಡಿ. ನೆಂಟರು ತುಂಬಿದ ಮನೆಯಲ್ಲಿ ಯಾರು ಗುಂಡಿ ಒತ್ತುತ್ತಾರೋ ಗೊತ್ತಾಗಲ್ಲ.

ಗಾಜಿನ ಟ್ರೇ ಆದರೆ ಇನ್ನೊಂದು ಎಚ್ಚರ. ಅಡುಗೆಮನೆಗೆ ಗಾಜಿನ ಟ್ರೇ ಬಂದ ಕತೆ ನನಗೆ ಬಹಳ ಇಷ್ಟ. ನ್ಯೂಯಾರ್ಕ್ ರಾಜ್ಯದ ಕಾರ್ನಿಂಗ್ ಕಂಪನಿಯಲ್ಲಿ ಜೆಸ್ಸಿ ಲಿಟಲ್‌ಟನ್ ಎಂಬ ವಿಜ್ಞಾನಿ ಇದ್ದರು. 1913ರಲ್ಲಿ ಅವರ ಹೆಂಡತಿ ಬೆಸ್ಸಿ, ಕತ್ತರಿಸಿದ ಗಾಜಿನ ಬ್ಯಾಟರಿ ಜಾಡಿಯ ತಳದಲ್ಲಿ ಕೇಕ್ ಬೇಯಿಸಿ ತೋರಿಸಿದರು. ಗಾಜು ಒಡೆಯಲಿಲ್ಲ, ಕೇಕ್ ಸಮನಾಗಿ ಬೆಂದಿತ್ತು. 1915ರಲ್ಲಿ ಪೈರೆಕ್ಸ್ ಎಂಬ ಹೆಸರಿನ ಗಾಜಿನ ಪಾತ್ರೆ ಮಾರಾಟಕ್ಕೆ ಬಂತು. ಆಗಿನದು ಬಿಸಿ-ತಣ್ಣನೆಯ ಏರುಪೇರು ತಾಳುವ ಬೋರೊಸಿಲಿಕೇಟ್ ಗಾಜು. ಈಗ ಅಮೆರಿಕದ ಅಂಗಡಿಗಳಲ್ಲಿ ಸಿಗುವ ಪೈರೆಕ್ಸ್ ಟ್ರೇ ಸೋಡಾ-ಲೈಮ್ ಗಾಜಿನದು. ಕೆಳಗೆ ಬಿದ್ದರೆ ಸುಲಭಕ್ಕೆ ಒಡೆಯಲ್ಲ, ಆದರೆ ತಣ್ಣಗಿಂದ ಬಿಸಿಗೆ ಹಠಾತ್ತಾಗಿ ಹೋದರೆ ಬಿರಿಯಬಹುದು. ಹಾಗಾಗಿ ಫ್ರಿಜ್ಜಿನಿಂದ ತೆಗೆದು ಅರ್ಧ ಗಂಟೆ ಹೊರಗಿಡಿ. ಅಷ್ಟರಲ್ಲಿ ಓವನ್ ಕಾಯುತ್ತದೆ.

350 ಡಿಗ್ರಿ ಫ್ಯಾರನ್‌ಹೀಟ್ ಇಡಿ. ಮೊದಲ ಅರ್ಧ ಗಂಟೆ ಫಾಯಿಲ್ ಮುಚ್ಚಿ, ಆಮೇಲೆ ತೆಗೆದು ಇನ್ನು 25ರಿಂದ 30 ನಿಮಿಷ. ಮುಚ್ಚಿದಾಗ ಒಳಗೆ ಬೇಯುತ್ತದೆ, ತೆಗೆದಾಗ ಮೇಲಿನ ಬ್ರೆಡ್ ಗರಿಗರಿಯಾಗುತ್ತದೆ. ನಡುವೆ ಚಾಕು ಚುಚ್ಚಿದರೆ ಹಸಿ ಮೊಟ್ಟೆ ಅಂಟಬಾರದು. ಥರ್ಮಾಮೀಟರ್ ಇದ್ದರೆ ನಡುವೆ 160 ಡಿಗ್ರಿ, ಅಂದರೆ 71 ಸೆಲ್ಸಿಯಸ್ ದಾಟಿರಬೇಕು. ಆದರೆ ಭಯಕ್ಕೆ ಇನ್ನರ್ಧ ಗಂಟೆ ಬಿಡಬೇಡಿ. ಬಿಸಿ ತಾಗಿದಾಗ ಮೊಟ್ಟೆಯ ಪ್ರೋಟೀನು ಬಲೆ ಕಟ್ಟಿ ಹಾಲನ್ನು ಹಿಡಿದಿಡುತ್ತದೆ. ಬಿಸಿ ಅತಿಯಾದರೆ ಆ ಬಲೆ ಬಿಗಿದು, ಒದ್ದೆ ಬಟ್ಟೆ ಹಿಂಡಿದ ಹಾಗೆ ನೀರು ಹೊರಗೆ ಬರುತ್ತದೆ. ತಟ್ಟೆಯಲ್ಲಿ ನೀರು ನಿಂತಿದ್ದು ನೋಡಿ ಬೆಂದಿಲ್ಲ ಅಂದುಕೊಂಡು ಮತ್ತೆ ಒಳಗಿಡುತ್ತಾರೆ. ಎಷ್ಟೋ ಸಲ ಅದು ಜಾಸ್ತಿ ಬೆಂದದ್ದು. ಹೊರಗೆ ತೆಗೆದ ಮೇಲೆ ಹತ್ತು ನಿಮಿಷ ಮುಟ್ಟಬೇಡಿ. ಆಮೇಲೆ ಕತ್ತರಿಸಿದರೆ ಚೌಕಚೌಕವಾಗಿ ಎದ್ದು ಬರುತ್ತದೆ.

ಮೊಟ್ಟೆ ತಿನ್ನದವರಿಗೆ ಏನು? ಹೆಸರುಕಾಳಿನ ಪ್ರೋಟೀನಿನಿಂದ ಮಾಡಿದ, ಮೊಟ್ಟೆಯ ಬದಲಿಗೆ ಬಳಸುವ ಜಸ್ಟ್ ಎಗ್ ಎಂಬುದು ಬಾಟಲಿಯಲ್ಲಿ ಸಿಗುತ್ತದೆ, ಅದರಲ್ಲಿ ಚಿಕ್ಕದೊಂದು ಟ್ರೇ ಮಾಡಬಹುದು. ಆದರೆ ಊರಿನಿಂದ ಬಂದಿರುವ ಅಜ್ಜಿ-ತಾತನಿಗೆ ಅದನ್ನು ಬಡಿಸಲು ನನಗೆ ಮನಸ್ಸಿಲ್ಲ. ಅದೇ ಒಲೆ, ಅದೇ ಪಾತ್ರೆ ಎಂದು ಅವರಿಗೂ ಸಮಾಧಾನ ಇರಲ್ಲ. ಅವರಿಗೆ ಖಾರದ ಹುಗ್ಗಿ ಮಾಡಿ. ಹೆಸರುಬೇಳೆ ಹುರಿದು, ಅಕ್ಕಿ ಅಳೆದು, ಜೀರಿಗೆ-ಮೆಣಸು ಕುಟ್ಟಿ ರಾತ್ರಿಯೇ ಎತ್ತಿಟ್ಟರೆ, ಬೆಳಿಗ್ಗೆ ತೊಳೆದು ನೀರು ಹಾಕಿ ಕುಕ್ಕರ್ ಇಡುವುದಷ್ಟೇ ಕೆಲಸ. ಟ್ರೇ ಓವನ್‌ನಿಂದ ಬರುವ ಹೊತ್ತಿಗೆ ಅದೂ ಆಗಿರುತ್ತದೆ. ತುಪ್ಪದಲ್ಲಿ ಗೋಡಂಬಿ ಹುರಿಯುವ ಕೆಲಸ ಮೈದುನನಿಗೆ ಕೊಡಿ.

ಮಿಕ್ಕಿದ್ದನ್ನು ಎರಡು ಗಂಟೆಯೊಳಗೆ ಫ್ರಿಜ್ಜಿಗೆ ಸೇರಿಸಿ, ಮೂರು ನಾಲ್ಕು ದಿನ ಇರುತ್ತದೆ. ಮೈಕ್ರೋವೇವ್‌ನಲ್ಲಿ ಬಿಸಿ ಮಾಡಿದರೆ ರಬ್ಬರಿನಂತಾಗುತ್ತದೆ. ಕಾವಲಿಗೆ ಬೆಣ್ಣೆ ಸವರಿ, ಸಣ್ಣ ಉರಿಯಲ್ಲಿ ತುಂಡನ್ನು ಮುಚ್ಚಿಟ್ಟು, ಒಳಗೆಲ್ಲ ಹಬೆಯಾಡುವಷ್ಟು ಬಿಸಿ ಮಾಡಿ. ಎರಡೂ ಕಡೆ ಕೆಂಪಗಾದ ತುಂಡಿಗೆ ಟೊಮೆಟೊ ಗೊಜ್ಜು ಚೆನ್ನಾಗಿ ಹೊಂದುತ್ತದೆ. ಡಿಸೆಂಬರ್ 25ರಂದು ಇಲ್ಲಿ ದೊಡ್ಡ ಅಂಗಡಿಗಳು ಬಹುತೇಕ ಮುಚ್ಚಿರುತ್ತವೆ, ಬ್ರೆಡ್ಡು-ಮೊಟ್ಟೆ 23ರಂದೇ ತಂದಿಟ್ಟುಕೊಳ್ಳಿ.