ಎಪಿಡಾರಸ್, ಕೋಸ್, ಬೆರ್ಗಾಮಾ: ಹಳೆಯ ವೈದ್ಯರ ಊರುಗಳಿಗೆ ಹೋಗುವವರಿಗೆ

ಗ್ರೀಸ್ ಅಂದರೆ ಅಥೆನ್ಸ್ ಮತ್ತು ಸ್ಯಾಂಟೊರಿನಿ ಅಂತ ಪ್ಯಾಕೇಜ್‌ನವರು ಹೇಳುತ್ತಾರೆ. ಆಸ್ಪತ್ರೆ ಕೆಲಸದಲ್ಲಿ ಇರುವವರು, ಇದ್ದವರು, ಅಥವಾ ಕಾಯಿಲೆ ಯಾಕೆ ಬರುತ್ತದೆ ಎಂದು ಜನ ಮೊದಮೊದಲು ಹೇಗೆ ಯೋಚಿಸಿದರು ಎಂಬ ಕುತೂಹಲ ಇರುವವರು ಬೇರೊಂದು ದಾರಿ ಹಿಡಿಯಬಹುದು. ಮೊದಲು ಎಪಿಡಾರಸ್, ಆಮೇಲೆ ಕೋಸ್ ದ್ವೀಪ, ಕೊನೆಗೆ ಟರ್ಕಿಯ ಬೆರ್ಗಾಮಾ. ನರ್ಸ್ ಕೆಲಸದಿಂದ ನಿವೃತ್ತಳಾದ ಮೇಲೆ ನಾನು ಅಕ್ಕನ ಜೊತೆ ಈ ದಾರಿಯಲ್ಲೇ ಹೋಗಿಬಂದೆ.

ಈ ಕ್ರಮ ಬದಲಿಸಬೇಡಿ. ಗುಡಿಯಲ್ಲಿ ಮಲಗಿದ ರೋಗಿಗಳನ್ನು ದೇವರು ಕನಸಿನಲ್ಲಿ ಬಂದು ವಾಸಿ ಮಾಡಿದ ಕತೆಗಳು ಎಪಿಡಾರಸ್‌ನಲ್ಲಿ, ರೋಗಿಯ ಪಕ್ಕ ಕೂತು ಬರೆದಿಟ್ಟ ವೈದ್ಯರ ನೆನಪು ಕೋಸ್‌ನಲ್ಲಿ, ಎರಡನ್ನೂ ಅರಗಿಸಿಕೊಂಡ ರೋಮನ್ ಕಾಲದ ವೈದ್ಯ ಗೇಲೆನ್ ಬೆರ್ಗಾಮಾದಲ್ಲಿ. ವೀಸಾಕ್ಕೂ ಇದೇ ಅನುಕೂಲ. ಗ್ರೀಸ್‌ನಿಂದ ಟರ್ಕಿಗೆ ದಾಟಿ ಅಲ್ಲಿಂದಲೇ ಊರಿಗೆ ಮರಳಿದರೆ ಒಂದೇ ಪ್ರವೇಶದ ಷೆಂಗೆನ್ ವೀಸಾ (ಗ್ರೀಸ್ ಸೇರಿ ಯುರೋಪಿನ ಹಲವು ದೇಶಗಳಿಗೆ ಸಲ್ಲುವ ವೀಸಾ) ಸಾಕು. ತಿರುಗಿ ಗ್ರೀಸ್‌ಗೆ ಬರುವುದಾದರೆ ಮಲ್ಟಿಪಲ್ ಎಂಟ್ರಿ ಬೇಕು. ಷೆಂಗೆನ್ ವೀಸಾ ಇರುವ ಭಾರತೀಯರು ಟರ್ಕಿಗೆ ಇ-ವೀಸಾ ಪಡೆಯಬಹುದು. ಆದರೆ ಟರ್ಕಿಗೆ ಕಾಲಿಡುವ ದಿನವೂ ಷೆಂಗೆನ್ ಅವಧಿ ಮುಗಿದಿರಬಾರದು. ನಿಯಮ ಬದಲಾಗುತ್ತಿರುತ್ತದೆ, ಹೊರಡುವ ಮೊದಲು ಸರ್ಕಾರಿ ವೆಬ್‌ಸೈಟ್‌ನಲ್ಲೇ ನೋಡಿ. ಏಪ್ರಿಲ್-ಮೇ ಅಥವಾ ಸೆಪ್ಟೆಂಬರ್-ಅಕ್ಟೋಬರ್ ಒಳ್ಳೆಯದು. ಜುಲೈ-ಆಗಸ್ಟ್ ಬಿಸಿಲಿನಲ್ಲಿ ಈ ಕಲ್ಲುಗಳ ನಡುವೆ ನಡೆಯುವುದು ಕಷ್ಟ.

ಎಪಿಡಾರಸ್‌ಗೆ ಅಥೆನ್ಸ್‌ನಿಂದ ಒಂದೇ ದಿನದಲ್ಲಿ ಹೋಗಿಬರುವವರು ಜಾಸ್ತಿ. ನನ್ನ ಕೇಳಿದರೆ ನಾಫ್ಲಿಯೊ ಊರಲ್ಲಿ ಒಂದು ರಾತ್ರಿ ಉಳಿಯಿರಿ. ಅಥೆನ್ಸ್‌ನ ಕಿಫಿಸೊಸ್ ಬಸ್ ನಿಲ್ದಾಣದಿಂದ ಕೆಟೆಲ್ (ಊರೂರಿಗೆ ಹೋಗುವ ಬಸ್ ಸಂಸ್ಥೆ) ಬಸ್ ಸಿಗುತ್ತದೆ. ನಾಫ್ಲಿಯೊದಿಂದ ಎಪಿಡಾರಸ್ ಸುಮಾರು 30 ಕಿ.ಮೀ. ಬಸ್ಸು ಕಡಿಮೆ, ಆದ್ದರಿಂದ ಇಳಿದ ಕೂಡಲೇ ವಾಪಸ್ ಬಸ್ಸಿನ ಸಮಯ ಕೇಳಿಟ್ಟುಕೊಳ್ಳಿ.

ಎಲ್ಲರೂ ನೇರ ಕ್ರಿ.ಪೂ. 4ನೇ ಶತಮಾನದ ರಂಗಮಂದಿರಕ್ಕೆ ಹೋಗುತ್ತಾರೆ. ಅದು ನಿಜಕ್ಕೂ ಅದ್ಭುತ. ಆದರೆ ಮೊದಲು ಮ್ಯೂಸಿಯಂಗೆ ಹೋಗಿ. ಚಿಕ್ಕದು, ಬೇಗ ತುಂಬಿಬಿಡುತ್ತದೆ. ಅಲ್ಲಿ ಕಂಚಿನ ಶಸ್ತ್ರಚಿಕಿತ್ಸೆ ಉಪಕರಣಗಳಿವೆ, ವಾಸಿಯಾದವರ ಕತೆ ಕೆತ್ತಿದ ಕಲ್ಲಿನ ಹಲಗೆಗಳಿವೆ. ಉಳಿದಿರುವ ಕತೆಗಳು ಸುಮಾರು 70. ಬರಹವೆಲ್ಲ ಹಳೆಯ ಗ್ರೀಕ್‌ನಲ್ಲಿರುವುದರಿಂದ ಇಂಗ್ಲಿಷ್ ಅನುವಾದವನ್ನು ಮೊದಲೇ ಪ್ರಿಂಟ್ ಮಾಡಿಕೊಂಡು ಹೋಗಿ. ಅದಿಲ್ಲದೆ ಹೋದರೆ ಕಾಣುವುದು ಬರೀ ಕಲ್ಲು.

ನನ್ನ ಮನಸ್ಸಿನಲ್ಲಿ ಉಳಿದದ್ದು ಅಥೆನ್ಸ್‌ನ ಆಂಬ್ರೋಸಿಯಾ ಎಂಬ ಹೆಂಗಸಿನ ಕತೆ. ಆಕೆಗೆ ಒಂದು ಕಣ್ಣು ಕಾಣುತ್ತಿರಲಿಲ್ಲ. ಕುಂಟರು, ಕುರುಡರು ಬರೀ ಕನಸು ಕಂಡು ವಾಸಿಯಾಗುವುದು ಎಲ್ಲಾದರೂ ಉಂಟೇ ಎಂದು ನಕ್ಕಳಂತೆ. ಅಲ್ಲೇ ಮಲಗಿದಾಗ ರೋಗ ವಾಸಿ ಮಾಡುವ ಆಸ್ಕ್ಲೇಪಿಯಸ್ ದೇವರು ಕನಸಿನಲ್ಲಿ ಬಂದು, ವಾಸಿ ಮಾಡುತ್ತೇನೆ, ನಿನ್ನ ಅಜ್ಞಾನದ ಗುರುತಿಗೆ ಗುಡಿಗೆ ಒಂದು ಬೆಳ್ಳಿಯ ಹಂದಿ ಒಪ್ಪಿಸಬೇಕು ಎಂದ. ಕಣ್ಣನ್ನು ಕೊಯ್ದು ಔಷಧಿ ಹಾಕಿದ. ಬೆಳಿಗ್ಗೆ ವಾಸಿಯಾಗಿ ಹೊರಬಂದಳು. ನಮ್ಮ ದೇವಸ್ಥಾನಗಳಲ್ಲಿ ಬೆಳ್ಳಿಯ ಕಣ್ಣು, ಕೈಕಾಲು ಹರಕೆ ಒಪ್ಪಿಸುವುದನ್ನು ನೋಡಿದವರಿಗೆ ಇದು ಹೊಸದೇನಲ್ಲ, ಅಲ್ವಾ? ಗಮನಿಸಿ, ಕನಸಿನ ದೇವರು ಮಾಡುವುದು ಕೂಡ ವೈದ್ಯರ ಕೆಲಸವೇ. ಕೊಯ್ಯುತ್ತಾನೆ, ಔಷಧಿ ಹಾಕುತ್ತಾನೆ.

ಹೊರಗೆ, ರೋಗಿಗಳು ಮಲಗುತ್ತಿದ್ದ ಉದ್ದನೆಯ ಜಗಲಿಯಂಥ ಕಟ್ಟಡ ಇದೆ, ಅದೇ ಅಬಾಟನ್. ಈ ಆವರಣದೊಳಗೆ ಹೆರಿಗೆಯೂ ಆಗಬಾರದು, ಸಾವೂ ಆಗಬಾರದು ಎಂಬ ಕಟ್ಟುಪಾಡಿತ್ತು. ಸಾಯುವವರಿಗೆ, ಹೆರುವವರಿಗೆ ಅಂತ ಬೇರೆ ಮನೆ ಕಟ್ಟಿದ್ದು ಎಷ್ಟೋ ಕಾಲದ ನಂತರ, ಕ್ರಿ.ಶ. 2ನೇ ಶತಮಾನದಲ್ಲಿ. ಅಲ್ಲಿಯವರೆಗೆ ಅವರೆಲ್ಲ ಬಯಲಲ್ಲಿ ಇರಬೇಕಾಗಿತ್ತು. ವಾಸಿಯಾದ ಕತೆಗಳನ್ನಷ್ಟೇ ಓದಿ ಬರುವವರು ಇದನ್ನೂ ತಿಳಿದಿರಬೇಕು.

ಕೋಸ್‌ಗೆ ಅಥೆನ್ಸ್‌ನಿಂದ ವಿಮಾನದಲ್ಲಿ ಒಂದು ಗಂಟೆ. ಪಿರೇಯಸ್ ಬಂದರಿನಿಂದ ಹಡಗಾದರೆ ಹೆಚ್ಚುಕಡಿಮೆ ಒಂದು ರಾತ್ರಿ. ವಯಸ್ಸಾದವರಿದ್ದರೆ ವಿಮಾನವೇ ಸರಿ. ಊರಿನಿಂದ ಆಸ್ಕ್ಲೇಪಿಯನ್ (ಆಸ್ಕ್ಲೇಪಿಯಸ್ ದೇವರ ಗುಡಿಯ ಆವರಣ) ಸುಮಾರು 4 ಕಿ.ಮೀ., ಸ್ವಲ್ಪ ಏರು. ಮೂರು ಹಂತಗಳ ಮೇಲೆ ಕಟ್ಟಿದ್ದಾರೆ, ಮೆಟ್ಟಿಲು ಜಾಸ್ತಿ. ಅಕ್ಕನಿಗೆ ಮಂಡಿ ನೋವು, ಎರಡನೇ ಹಂತದಲ್ಲೇ ಕೂತರು. ಅಲ್ಲಿಂದಲೂ ಕಡಲು, ಆಚೆ ಟರ್ಕಿಯ ಬೆಟ್ಟಗಳು ಕಾಣುತ್ತವೆ.

ಇಲ್ಲಿ ಒಂದು ವಿಷಯದಲ್ಲಿ ಎಚ್ಚರ ಇರಲಿ. ವೈದ್ಯಶಾಸ್ತ್ರದ ಪಿತಾಮಹ ಎನ್ನಿಸಿಕೊಂಡ ಹಿಪಾಕ್ರಟಿಸ್ ಇದೇ ಕಟ್ಟಡದಲ್ಲಿ ಪಾಠ ಹೇಳಿದ ಎಂದು ಹೇಳುವವರು ಸಿಗುತ್ತಾರೆ. ಆತ ಹುಟ್ಟಿದ್ದು ಕ್ರಿ.ಪೂ. 460ರ ಸುಮಾರಿಗೆ. ಈ ಕಟ್ಟಡಗಳು ಎದ್ದದ್ದು ಆತನ ಕಾಲ ಮುಗಿದ ಮೇಲೆ. 1902ರಲ್ಲಿ ಅಗೆತ ಶುರುವಾಗುವವರೆಗೆ ಎಲ್ಲ ಮಣ್ಣಡಿಯಲ್ಲಿತ್ತು. ಊರ ನಡುವೆ ಇರುವ 'ಹಿಪಾಕ್ರಟಿಸ್ ಮರ'ವೂ ಸುಮಾರು 500 ವರ್ಷದ್ದು ಅಷ್ಟೆ. ಆತನ ಹೆಸರಿನಲ್ಲಿರುವ ಬರಹಗಳನ್ನೂ ಹಲವರು ಬರೆದಿದ್ದಾರೆ.

ಆದರೂ ಆ ಬರಹಗಳನ್ನು ಓದಲು ಇದಕ್ಕಿಂತ ಒಳ್ಳೆಯ ಜಾಗ ಇಲ್ಲ. 'ಗಾಳಿ, ನೀರು, ಜಾಗ'ಗಳ ಬಗ್ಗೆ ಇರುವ ಬರಹವನ್ನು ಫೋನಿಗೆ ಹಾಕಿಕೊಂಡು ಹೋಗಿ. ಹೊಸ ಊರಿಗೆ ಬಂದ ವೈದ್ಯ ಮೊದಲು ಗಾಳಿ ಯಾವ ಕಡೆಯಿಂದ ಬೀಸುತ್ತದೆ, ಊರು ಸೂರ್ಯನಿಗೆ ಹೇಗೆ ಮುಖ ಮಾಡಿದೆ, ಜನ ಎಂಥ ನೀರು ಕುಡಿಯುತ್ತಾರೆ ಎಂದು ನೋಡಬೇಕು ಅನ್ನುತ್ತದೆ ಅದು. ನಿಂತ ನೀರು ಕುಡಿಯುವವರಿಗೆ ಗುಲ್ಮ (ಹೊಟ್ಟೆಯ ಎಡಗಡೆಯ ಸ್ಪ್ಲೀನ್) ಊದಿಕೊಳ್ಳುತ್ತದೆ ಎಂದೂ ಬರೆದಿದೆ. ಹಿಂದೆ ಮಲೆನಾಡಿನಲ್ಲಿ ಮಲೇರಿಯಾ ಕಂಡವರಿಗೆ ಈ ಹೊಟ್ಟೆಯ ಗುರುತು ಗೊತ್ತು. ಸೊಳ್ಳೆಯ ವಿಷಯ ಅವರಿಗೆ ತಿಳಿದಿರಲಿಲ್ಲ, ನೀರನ್ನು ದೂರಿದರು. ಆದರೆ ಕಣ್ಣಿಟ್ಟದ್ದು ಸರಿಯಾದ ಜಾಗದ ಮೇಲೇ.

'ಎಪಿಡೆಮಿಕ್ಸ್' ಎಂಬ ಇನ್ನೊಂದು ಬರಹದಲ್ಲಿ ರೋಗಿಗಳ ದಿನದಿನದ ವಿವರ ಇದೆ. ಫಿಲಿಸ್ಕಸ್ ಎಂಬ ರೋಗಿ: ಮೊದಲ ದಿನ ಜ್ವರ, ಬೆವರು. ಮೂರನೇ ದಿನ ಮಧ್ಯಾಹ್ನದವರೆಗೆ ಜ್ವರ ಬಿಟ್ಟಿತ್ತು, ಸಂಜೆ ಮತ್ತೆ ಏರಿತು, ಬಾಯಾರಿಕೆ, ಒಣಗಿದ ನಾಲಿಗೆ, ಕಪ್ಪು ಮೂತ್ರ. ಆರನೇ ದಿನ ಸಾವು. ಕಾಯಿಲೆಯ ಉದ್ದಕ್ಕೂ ಏನನ್ನೋ ನೆನಪಿಸಿಕೊಳ್ಳುವವನ ಹಾಗೆ ಆಳವಾಗಿ, ತಡೆದು ತಡೆದು ಉಸಿರಾಡುತ್ತಿದ್ದ. ಇಂಥ ಉಸಿರಾಟಕ್ಕೆ ಇವತ್ತು ಚೆಯ್ನ್-ಸ್ಟೋಕ್ಸ್ ಅನ್ನುತ್ತೇವೆ. ವಾರ್ಡಿನಲ್ಲಿ ಅದನ್ನು ಕೇಳಿಸಿಕೊಂಡವರಿಗೆ ಈ ಸಾಲು ಓದಿದಾಗ ಮೈ ಜುಮ್ ಅನ್ನುತ್ತದೆ. ಈ ಬರಹದ 1 ಮತ್ತು 3ನೇ ಭಾಗಗಳಲ್ಲಿ 42 ರೋಗಿಗಳಿದ್ದಾರೆ, 25 ಜನ ಸತ್ತರು. ಎಪಿಡಾರಸ್‌ನ ಕಲ್ಲುಗಳು ವಾಸಿಯಾದವರನ್ನು ಹೇಳುತ್ತವೆ. ಇವರು ಉಳಿಸಿಕೊಳ್ಳಲಾಗದವರನ್ನೂ ಬರೆದಿಟ್ಟರು. ನನಗೆ ಇಡೀ ಪ್ರವಾಸದಲ್ಲಿ ಅತಿ ದೊಡ್ಡದು ಅನ್ನಿಸಿದ್ದು ಈ ಪ್ರಾಮಾಣಿಕತೆ.

ಊಟದ ಮಾತು. ಸಸ್ಯಾಹಾರಿಗಳು ಗ್ರೀಸ್‌ನಲ್ಲಿ 'ನಿಸ್ಟಿಸಿಮೊ' ಇದೆಯಾ ಎಂದು ಕೇಳಿ. ಅವರ ಉಪವಾಸದ ಅಡುಗೆ ಅದು, ಮಾಂಸ, ಮೊಟ್ಟೆ, ಹಾಲು ಇರುವುದಿಲ್ಲ. ಸಿಗಡಿಯಂಥದ್ದು ಇರಬಹುದು, ಅದನ್ನು ಬೇರೆಯಾಗಿ ಕೇಳಿ. ಟರ್ಕಿಯಲ್ಲಿ ಬೇಳೆ ಸೂಪ್ ಎಲ್ಲೆಡೆ ಸಿಗುತ್ತದೆ. ಕೆಲವರು ಮಾಂಸದ ನೀರಲ್ಲಿ ಮಾಡುತ್ತಾರೆ, ವಿಚಾರಿಸಿ.

ಕೋಸ್‌ನಿಂದ ಬೋದ್ರುಮ್‌ಗೆ ದೋಣಿಯಲ್ಲಿ ಒಂದು ಗಂಟೆಯೊಳಗಿನ ದಾರಿ. ಚಳಿಗಾಲದಲ್ಲಿ ದೋಣಿ ತುಂಬ ಕಡಿಮೆ. ಪಾಸ್‌ಪೋರ್ಟ್ ಸಾಲು ಇರುತ್ತದೆ, ಬೇಗ ಹೋಗಿ. ಬೋದ್ರುಮ್‌ನಿಂದ ಇಜ್ಮಿರ್‌ಗೆ ಬಸ್, ಅಲ್ಲಿಂದ ಸುಮಾರು 100 ಕಿ.ಮೀ. ಬೆರ್ಗಾಮಾಗೆ ಇನ್ನೊಂದು ಬಸ್. ಒಂದೇ ದಿನದಲ್ಲಿ ಮಾಡಿದರೆ ಸುಸ್ತಾಗುತ್ತದೆ, ಇಜ್ಮಿರ್‌ನಲ್ಲಿ ತಂಗಿ.

ಬೆರ್ಗಾಮಾ ಹಳೆಯ ಪೆರ್ಗಮಾನ್. ಗೇಲೆನ್ ಕ್ರಿ.ಶ. 129ರಲ್ಲಿ ಹುಟ್ಟಿದ್ದು ಇಲ್ಲಿ. ಮಗನಿಗೆ ವೈದ್ಯ ಕಲಿಸು ಎಂದು ಆಸ್ಕ್ಲೇಪಿಯಸ್ ಅವನ ಅಪ್ಪನಿಗೆ ಕನಸಿನಲ್ಲಿ ಹೇಳಿದನಂತೆ. 157ರಲ್ಲಿ ಇದೇ ಊರಿನ ಗ್ಲ್ಯಾಡಿಯೇಟರ್‌ಗಳ ವೈದ್ಯನಾದ. ಗಾಯ ನೋಡಿ ನೋಡಿ ಕಲಿತ. ಹಂದಿ, ಕೋತಿಗಳನ್ನು ಕೊಯ್ದು, ಅಪಧಮನಿಯಲ್ಲಿರುವುದು ಗಾಳಿಯಲ್ಲ, ರಕ್ತ ಎಂದು ತೋರಿಸಿದ. ಮನುಷ್ಯರ ದೇಹ ಕೊಯ್ಯದೆ ಇದ್ದದ್ದರಿಂದ ತಪ್ಪುಗಳೂ ಆದವು. ಕೆಳದವಡೆ ಎರಡು ಮೂಳೆ ಎಂದು ಬರೆದ, ಅದನ್ನು ಸಾವಿರ ವರ್ಷ ನಂಬಿದರು. ಇಷ್ಟು ಪರೀಕ್ಷೆ ಮಾಡಿದವನೂ ದೇವರನ್ನು ಬಿಡಲಿಲ್ಲ. ಚಕ್ರವರ್ತಿ ಮಾರ್ಕಸ್ ಆರೇಲಿಯಸ್ ಯುದ್ಧಕ್ಕೆ ಜೊತೆಗೆ ಕರೆದಾಗ, ಆಸ್ಕ್ಲೇಪಿಯಸ್ ಬೇಡ ಅಂದಿದ್ದಾನೆ ಎಂದು ಹೇಳಿ ರೋಮ್‌ನಲ್ಲೇ ಉಳಿದ. ದೇವರ ಚಿಕಿತ್ಸೆ ಮತ್ತು ಮನುಷ್ಯರ ಚಿಕಿತ್ಸೆ ಒಂದನ್ನೊಂದು ಓಡಿಸಿದವು ಎಂಬ ಮಾತನ್ನು ಈ ಮೂರು ಜಾಗ ನೋಡಿದ ಮೇಲೆ ನಾನಂತೂ ಒಪ್ಪುವುದಿಲ್ಲ. ಎರಡೂ ನೂರಾರು ವರ್ಷ ಅಕ್ಕಪಕ್ಕದಲ್ಲೇ ಬಾಳಿದವು.

ರಕ್ತ, ಕಫ, ಹಳದಿ ಪಿತ್ತ, ಕಪ್ಪು ಪಿತ್ತ ಎಂಬ ದೇಹದ ನಾಲ್ಕು ರಸಗಳ ಲೆಕ್ಕವನ್ನು ಗೇಲೆನ್ ಗಟ್ಟಿ ಮಾಡಿದ. ಅದು ಅರಬ್ಬರ ಮೂಲಕ ಯುನಾನಿಯಾಗಿ ನಮ್ಮಲ್ಲಿಗೂ ಬಂತು. ಬೆಂಗಳೂರಿನ ಮಾಗಡಿ ರಸ್ತೆಯ ರಾಷ್ಟ್ರೀಯ ಯುನಾನಿ ಸಂಸ್ಥೆಯಲ್ಲಿ ಇವತ್ತಿಗೂ ಅದನ್ನು ಕಲಿಸುತ್ತಾರೆ.

ಬೆರ್ಗಾಮಾದಲ್ಲಿ ಬೆಳಿಗ್ಗೆ ಕೇಬಲ್ ಕಾರ್‌ನಲ್ಲಿ ಅಕ್ರೊಪೊಲಿಸ್ (ಬೆಟ್ಟದ ಮೇಲಿನ ಹಳೆಯ ಊರು) ಹತ್ತಿ, ಬಿಸಿಲು ಇಳಿದ ಮೇಲೆ ಆಸ್ಕ್ಲೇಪಿಯನ್‌ಗೆ ಬನ್ನಿ. ಎರಡೂ ಊರಿನ ಬೇರೆ ಬೇರೆ ತುದಿಯಲ್ಲಿವೆ, ಮಧ್ಯೆ ಟ್ಯಾಕ್ಸಿ ಹಿಡಿಯಿರಿ. ಆಸ್ಕ್ಲೇಪಿಯನ್ ಬಹುತೇಕ ಸಮತಟ್ಟು, ಮಂಡಿ ನೋವಿನವರೂ ಸುತ್ತಬಹುದು. ಪವಿತ್ರ ಬುಗ್ಗೆಯ ಹತ್ತಿರದಿಂದ ಹೋಗುವ ಸುರಂಗದಲ್ಲಿ ನೆಲ ಒದ್ದೆ ಇರುತ್ತದೆ, ಜಾರದ ಚಪ್ಪಲಿ ಬೇಕು. ಪಕ್ಕದಲ್ಲೇ ಸೇನೆಯ ಜಾಗವಿದೆ, ಆ ಕಡೆ ಕ್ಯಾಮೆರಾ ತಿರುಗಿಸಬೇಡಿ. ಇಜ್ಮಿರ್‌ಗೆ ಕೊನೆಯ ಬಸ್ ಎಷ್ಟು ಗಂಟೆಗೆ ಎಂದು ಬೆಳಿಗ್ಗೆಯೇ ಕೇಳಿಟ್ಟುಕೊಳ್ಳಿ.