ವೆಂಬ್ಲಿ ಮುಗಿದ ಮರುದಿನ

2015ರ ನವೆಂಬರ್‌ನಲ್ಲಿ ಪ್ರಧಾನಿ ಮೋದಿ ಬ್ರಿಟನ್‌ಗೆ ಬಂದಿದ್ದರು. ಆ ಭೇಟಿಯ ಮೇಲೆ ಡಾಕ್ಯುಮೆಂಟರಿ ಮಾಡುತ್ತಿದ್ದ ತಂಡದಲ್ಲಿ ನಾನು ಸೌಂಡ್ ನೋಡಿಕೊಳ್ಳುತ್ತಿದ್ದೆ. ಇಂಥ ಚಿತ್ರ ಅಂದ್ರೆ ನಾಯಕರ ಪಕ್ಕದಲ್ಲೇ ಓಡಾಡೋದು ಅಂತ ಊರಲ್ಲಿ ಎಲ್ಲರೂ ಅಂದುಕೊಂಡಿದ್ದರು. ಹಾಗೇನಿಲ್ಲ. ಹತ್ತಿರ ಹೋಗುವುದು ಅಧಿಕೃತ ಕ್ಯಾಮೆರಾಗಳು ಮಾತ್ರ. ನಮ್ಮಂಥವರಿಗೆ ಬ್ಯಾರಿಕೇಡ್ ಹಿಂದೆ ಒಂದು ಜಾಗ ತೋರಿಸುತ್ತಾರೆ. ಗಂಟೆಗಟ್ಟಲೆ ಮೊದಲೇ ಹೋಗಿ ನಿಲ್ಲಬೇಕು, ಆಮೇಲೆ ಕದಲೋ ಹಾಗಿಲ್ಲ.

13ರ ಸಂಜೆ ಲಂಡನ್‌ನ ವೆಂಬ್ಲಿ ಸ್ಟೇಡಿಯಂ. ಸುಮಾರು 60 ಸಾವಿರ ಜನ, ವೇದಿಕೆ ಮೇಲೆ ಆಗಿನ ಬ್ರಿಟನ್ ಪ್ರಧಾನಿ ಕ್ಯಾಮರನ್ ಕೂಡ, ಕೊನೆಗೆ ಪಟಾಕಿ. ಚಿತ್ರಕ್ಕೆ ಬೇಕಾದ್ದೆಲ್ಲ ಸಿಕ್ಕಿತು ಅಂತ ಡೈರೆಕ್ಟರ್ ಖುಷಿಯಲ್ಲಿದ್ದರು. ರೂಮಿಗೆ ಬಂದು ಕಾರ್ಡ್‌ಗಳನ್ನು ಹಾರ್ಡ್‌ಡಿಸ್ಕ್‌ಗೆ ಹಾಕುತ್ತಿದ್ದಾಗ ಟಿವಿಯಲ್ಲಿ ಪ್ಯಾರಿಸ್ ಸುದ್ದಿ. ಬಟಾಕ್ಲಾನ್ ಅನ್ನೋ ಸಂಗೀತ ಸಭಾಂಗಣದಲ್ಲಿ ಗುಂಡಿನ ದಾಳಿ, ಸ್ಟೇಡಿಯಂ ಹೊರಗೆ ಬಾಂಬ್. ನಾವೂ ಆಗಷ್ಟೇ ಒಂದು ಸ್ಟೇಡಿಯಂನಿಂದ ಬಂದವರು.

ಮರುದಿನ ಲಂಡನ್‌ನಲ್ಲೇ, ಥೇಮ್ಸ್ ದಂಡೆಯ ಲ್ಯಾಂಬೆತ್‌ನಲ್ಲಿ ಬಸವಣ್ಣನವರ ಪ್ರತಿಮೆ ಅನಾವರಣ. ಆ ಪ್ರತಿಮೆಗಾಗಿ ಓಡಾಡಿದವರು ಲ್ಯಾಂಬೆತ್‌ನ ಮಾಜಿ ಮೇಯರ್, ಕಲಬುರಗಿ ಕಡೆಯ ನೀರಜ್ ಪಾಟೀಲ್. ಹಾಗಾಗಿ ಎತ್ತ ತಿರುಗಿದರೂ ಕನ್ನಡ. ನಮ್ಮ ಬ್ಯಾಗ್ ಬಿಚ್ಚಿಸಿ ಎಲ್ಲ ಹೊರಗೆ ತೆಗೆಸಿದರು. ಗಾಳಿ ಸದ್ದು ಬರದಿರಲಿ ಅಂತ ಮೈಕಿಗೆ ತುಪ್ಪಳದ ಕವರ್ ಹಾಕಿರುತ್ತೇವಲ್ಲ, ಅದನ್ನೂ ಪೊಲೀಸರೊಬ್ಬರು ಹಿಂಡಿ ಹಿಂಡಿ ನೋಡಿದರು.

ಕಾಯುವಾಗ ಸುಮ್ನೆ ರೆಕಾರ್ಡರ್ ಆನ್ ಮಾಡಿಟ್ಟೆ. ಜಾಗದ ಸದ್ದು ಎಡಿಟಿಂಗ್‌ಗೆ ಬೇಕೇ ಬೇಕು. ಹೆಡ್‌ಫೋನ್‌ನಲ್ಲಿ ಕೇಳಿದ್ದು ಬರೀ ಪ್ಯಾರಿಸ್ ಮಾತು. ರೇಷ್ಮೆ ಸೀರೆ ಮೇಲೆ ದಪ್ಪ ಜಾಕೆಟ್ ಹಾಕಿಕೊಂಡಿದ್ದ ಆಂಟಿಯೊಬ್ಬರು ಫೋನಿನಲ್ಲಿದ್ದರು. "ನಮಗೇನೂ ಆಗಿಲ್ಲವ್ವ, ಅದು ಬ್ಯಾರೆ ದೇಶ. ಇಲ್ಲಿ ಬಸವಣ್ಣನ ಕಾರ್ಯಕ್ರಮ ಐತಿ, ಮುಗಿಸ್ಕೊಂಡು ಮನಿಗೆ ಹೋಗ್ತೀನಿ." ಆ ಕಡೆಯವರಿಗೆ ಸಮಾಧಾನ ಆಗಲಿಲ್ಲ ಅನಿಸುತ್ತೆ, ಅದನ್ನೇ ಮತ್ತೆ ಮತ್ತೆ ಹೇಳುತ್ತಿದ್ದರು.

ಅನಾವರಣ ಬೇಗ ಮುಗಿಯಿತು. ನಮ್ಮ ಜಾಗದಿಂದ ಜಾಸ್ತಿ ಕಂಡಿದ್ದು ಮೇಲೆತ್ತಿದ ಮೊಬೈಲ್‌ಗಳೇ. ಪ್ರಧಾನಿ ಜಿ-20 ಸಭೆಗೆ ಟರ್ಕಿಗೆ ಹೊರಟರು.

ಎಡಿಟಿಂಗ್‌ನಲ್ಲಿ ಆ ಮಾತುಗಳನ್ನು ಅನಾವರಣದ ದೃಶ್ಯದ ಕೆಳಗೆ ಇಡೋಣ ಅಂದೆ. "ಇದು ಭೇಟಿಯ ಚಿತ್ರ, ಪ್ಯಾರಿಸ್ ಯಾಕೆ?" ಅಂದರು ಡೈರೆಕ್ಟರ್. ಅವತ್ತು ಅಲ್ಲಿ ನಿಂತವರೆಲ್ಲ ಅದನ್ನೇ ಮಾತಾಡುತ್ತಿದ್ದರು ಸರ್, ಏನೂ ಆಗಿಲ್ಲ ಅನ್ನೋ ಹಾಗೆ ತೋರಿಸಿದರೆ ಸುಳ್ಳಾಗಲ್ವಾ ಅಂತ ವಾದ ಮಾಡಿದೆ. ಒಪ್ಪಲಿಲ್ಲ. ವೀಣೆ, ಕೊಳಲು ಹಾಕಿ ಮುಗಿಸಿದರು. ಸಂಗೀತವೇನೋ ಚೆನ್ನಾಗೇ ಇದೆ. ಯಾವ ಊರಿನ ಯಾವ ಪ್ರತಿಮೆ ಅನಾವರಣಕ್ಕೆ ಹಾಕಿದರೂ ಹೊಂದುತ್ತೆ.