ಏನೂ ನಡೆಯದ ಸಿನಿಮಾ ಏಕೆ ನೋಡುತ್ತೀರಿ?

ರೊಮೇನಿಯಾದ ನಿರ್ದೇಶಕ ಕ್ರಿಸ್ಟಿ ಪುಯು ಅವರ ಹೆಸರೆತ್ತಿದರೆ ಸಾಕು, ಸ್ನೇಹಿತರು ಕೇಳುವುದು ಒಂದೇ: “ಮೂರು ತಾಸು ಕೂತರೂ ಏನೂ ನಡೆಯುವುದಿಲ್ಲವಂತೆ, ಅದರಲ್ಲಿ ಏನು ಕಂಡಿರಿ?” ನಡೆಯುವುದಿಲ್ಲ ಎಂದವರು ಯಾರು? ನಡೆಯುತ್ತಲೇ ಇರುತ್ತದೆ. ಯಾವುದು ಮುಖ್ಯವೆಂದು ಕ್ಯಾಮೆರಾ ಹೇಳಿಕೊಡುವುದಿಲ್ಲ, ಅಷ್ಟೆ.

2005ರ ‘ಲಜರೆಸ್ಕು ಅವರ ಸಾವು’ ಚಿತ್ರವನ್ನೇ ತೆಗೆದುಕೊಳ್ಳಿ. ಬುಕಾರೆಸ್ಟ್‌ನ ಫ್ಲ್ಯಾಟೊಂದರಲ್ಲಿ ಬೆಕ್ಕುಗಳೊಡನೆ ಒಂಟಿಯಾಗಿರುವ ಮುದುಕನಿಗೆ ತಲೆನೋವು, ವಾಂತಿ. ಆಂಬುಲೆನ್ಸ್ ಬರುತ್ತದೆ. ಅದೇ ರಾತ್ರಿ ಬಸ್ ಅಪಘಾತವಾಗಿ ಆಸ್ಪತ್ರೆಗಳಲ್ಲಿ ಕಾಲಿಡಲು ಜಾಗವಿಲ್ಲ. ಮುದುಕನ ಬಾಯಿಂದ ಹೆಂಡದ ವಾಸನೆ ಬಂದದ್ದೇ ತಡ, ವೈದ್ಯರು ರೋಗ ನೋಡುವ ಮೊದಲು ಬೈಯಲು ಶುರುಮಾಡುತ್ತಾರೆ. ಹೀಗೆ ನಾಲ್ಕು ಆಸ್ಪತ್ರೆಗಳ ಅಲೆದಾಟ. ಒಂದು ಕಡೆ ಶಸ್ತ್ರಚಿಕಿತ್ಸೆಗೆ ಒಪ್ಪಿಗೆ ಪತ್ರ ಮುಂದಿಡುತ್ತಾರೆ. ಅಷ್ಟು ಹೊತ್ತಿಗೆ ಮಾತು ತೊದಲುತ್ತಿರುವ, ತಾನೆಲ್ಲಿದ್ದೇನೆಂದೇ ತಿಳಿಯದ ಮನುಷ್ಯ ಸಹಿ ಹಾಕುವುದು ಹೇಗೆ? ಜೊತೆಗೆ ಬಂದ ಆಂಬುಲೆನ್ಸ್ ದಾದಿ ವಾದಿಸುತ್ತಾಳೆ. ದಾದಿಯೊಬ್ಬಳು ತಮಗೆ ಪಾಠ ಹೇಳುವುದೇ ಎಂದು ವೈದ್ಯರಿಗೆ ಸಿಟ್ಟು. ಜಗಳ ಅಧಿಕಾರದ ಮೇಲಾಟಕ್ಕೆ ತಿರುಗುತ್ತದೆ, ರೋಗಿ ಪಕ್ಕದಲ್ಲಿ ಬಿದ್ದಿರುತ್ತಾನೆ. ಖಳನಾಯಕ ಬೇಕೆಂದರೆ ಯಾರನ್ನು ಹಿಡಿಯುತ್ತೀರಿ? ನನಗೆ ಭಯ ಹುಟ್ಟಿಸಿದ್ದು ಅದೇ. 1997ರಲ್ಲಿ ಆಸ್ಪತ್ರೆಗಳು ಸೇರಿಸಿಕೊಳ್ಳದೆ, ಕೊನೆಗೆ ಬೀದಿಯಲ್ಲಿ ಬಿಟ್ಟುಹೋದ ರೋಗಿಯೊಬ್ಬರು ಸತ್ತ ಸುದ್ದಿ ಈ ಕಥೆಯ ಹಿಂದಿದೆ. ಕಾನ್ ಚಿತ್ರೋತ್ಸವದ ‘ಅನ್ ಸರ್ಟೇನ್ ರಿಗಾರ್’ ವಿಭಾಗದ ಪ್ರಶಸ್ತಿ ಇದಕ್ಕೆ ಬಂತು.

1967ರಲ್ಲಿ ಬುಕಾರೆಸ್ಟ್‌ನಲ್ಲಿ ಹುಟ್ಟಿದ ಪುಯು ಚಿತ್ರಕಲೆ ಕಲಿಯಲೆಂದು ಜಿನೀವಾಗೆ ಹೋಗಿ ಸಿನಿಮಾಕ್ಕೆ ಹೊರಳಿದವರು. ಮೊದಲ ಚಿತ್ರ 2001ರದು, ವ್ಯಾನಿನಲ್ಲಿ ಒಂದು ಚೀಲ ಸಾಗಿಸುವ ಯುವಕರದು. 2004ರಲ್ಲಿ ಬರ್ಲಿನ್ ಚಿತ್ರೋತ್ಸವದಲ್ಲಿ ‘ಚಿನ್ನದ ಕರಡಿ’ ಪ್ರಶಸ್ತಿ ಗೆದ್ದ ಕಿರುಚಿತ್ರದಲ್ಲಿ ಕೆಲಸ ಕಳೆದುಕೊಂಡ ಅಪ್ಪ ಮಗನ ಎದುರು ಕೂರುತ್ತಾನೆ. ಕೆಲಸಕ್ಕಾಗಿ ಲಂಚವಾಗಿ ತಂದದ್ದು ಕೆಂಟ್ ಸಿಗರೇಟು ಮತ್ತು ಕಾಫಿಪುಡಿ. ರೊಮೇನಿಯಾವನ್ನು ಆಳಿದ ಕಮ್ಯುನಿಸ್ಟ್ ಸರ್ವಾಧಿಕಾರಿ ಚೌಶೆಸ್ಕುವಿನ ಕಾಲದಲ್ಲಿ ಕೆಂಟ್ ಪ್ಯಾಕು ನೋಟಿನಷ್ಟೇ ಚಲಾವಣೆಯಲ್ಲಿತ್ತೆಂಬುದು ಗೊತ್ತಿದ್ದರೆ ಅಪ್ಪ ಇನ್ನೂ ಯಾವ ಲೋಕದಲ್ಲಿದ್ದಾನೆಂಬುದು ತಿಳಿಯುತ್ತದೆ.

2016ರ ‘ಸಿಯೆರಾನೆವಾಡಾ’ ನನಗೆ ಎಲ್ಲಕ್ಕಿಂತ ಇಷ್ಟ. ಅಪ್ಪ ತೀರಿ ನಲವತ್ತನೆಯ ದಿನದ ಊಟಕ್ಕೆ ಬಂಧುಗಳು ಇಕ್ಕಟ್ಟಾದ ಫ್ಲ್ಯಾಟಿನಲ್ಲಿ ಸೇರಿದ್ದಾರೆ. ಪಾದ್ರಿ ಬರುವವರೆಗೆ ಬಾಯಿಗೆ ತುತ್ತಿಡುವಂತಿಲ್ಲ. ಪುರೋಹಿತರಿಗಾಗಿ ಕಾದು ಹಸಿದ ನಮ್ಮ ಶ್ರಾದ್ಧದ ಮನೆಗಳಲ್ಲಿ ಬೆಳೆದವರಿಗೆ ಇದಕ್ಕೆ ವಿವರಣೆಯೇ ಬೇಡ. ಕ್ಯಾಮೆರಾ ಹಜಾರದಲ್ಲಿ ನಿಂತು ಅತ್ತಿತ್ತ ಕತ್ತು ತಿರುಗಿಸುತ್ತದೆ. ಬಾಗಿಲುಗಳು ತೆರೆದು ಮುಚ್ಚುತ್ತವೆ, ಒಳಗಿನ ಅಳು ಅರ್ಧ ಕೇಳಿಸುತ್ತದೆ. ಅಷ್ಟರಲ್ಲಿ ಒಬ್ಬ ಅಮೆರಿಕದ ಅವಳಿ ಗೋಪುರ ಬಿದ್ದದ್ದರ ಹಿಂದಿನ ‘ಸಂಚು’ ಬಿಚ್ಚಿಡುತ್ತಿರುತ್ತಾನೆ.

ಎಲ್ಲವನ್ನೂ ಹೊಗಳುವ ಭಕ್ತ ನಾನಲ್ಲ. ಪುಯು ಅವರೇ ಕೊಲೆಗಾರನಾಗಿ ನಟಿಸಿದ, ಮೂರು ತಾಸಿನ ‘ಔರೋರಾ’ ತಾಳ್ಮೆಯನ್ನು ಹಿಂಡಿ ಹಾಕುತ್ತದೆ. 2020ರ ‘ಮಾಲ್ಮ್‌ಕ್ರೋಗ್’ನಲ್ಲಿ ಸಿರಿವಂತರು ಬಂಗಲೆಯಲ್ಲಿ ಕೂತು ಫ್ರೆಂಚ್‌ನಲ್ಲಿ ದೇವರು, ಯುದ್ಧ ಎಂದು ಚರ್ಚಿಸುತ್ತಲೇ ಇರುತ್ತಾರೆ, ಅಲ್ಲಿ ನಾನು ಆ ಮನೆಯ ಆಳುಗಳನ್ನೇ ಹೆಚ್ಚು ನೋಡಿದೆ. ಹೊಸಬರು ಆ ಸಿಗರೇಟು-ಕಾಫಿಯ ಕಿರುಚಿತ್ರದಿಂದ ಶುರುಮಾಡಿ, ಅದು ಹಿಡಿಸಿದರೆ ಲಜರೆಸ್ಕುವಿನ ಕಡೆ ಹೋಗಿ. ಹಿಡಿಸದಿದ್ದರೆ ನನ್ನ ಮಾತು ಕೇಳಿ ‘ಔರೋರಾ’ ಹಾಕಿಕೊಂಡು ಕೂರಬೇಡಿ.